ನಲವತ್ತೈದನೇ ಇಸವಿಯಲ್ಲೇ ತೀರಿಹೋದ ಅಮ್ಮನಿಗೆ

ವ್ರೊತ್ಸ್ವಾಫ್, ಸೋಮವಾರ

ಅಮ್ಮಾ,
ಸುಖವಾಗಿ ತಲುಪಿದೆ. ಮೊಣಕಾಲು ನೋಯುತ್ತಿದೆ, ಮುಲಾಮು ಹಚ್ಚಿದ್ದೇನೆ.

ಯುದ್ಧಕಾಲದ ಹೆಂಗಸರ ಬಗ್ಗೆ ಬರೆಯುವ ಆ ಬೊಗ್ನಾಳ ಸಭೆ ಇಂದು ಇಲ್ಲಿನ ಗ್ರಂಥಾಲಯದಲ್ಲಿ ನಡೆಯಿತು. ತನ್ನ ಪುಸ್ತಕದಲ್ಲಿ ನಿನ್ನ ಹೆಸರು, ಊರು, ಹೊಲಿಗೆಯಂತ್ರ ಎಲ್ಲವನ್ನೂ ಸರಿಯಾಗಿ ಬರೆದು, ನಲವತ್ತೈದನೇ ಇಸವಿಯಲ್ಲಿ ರೈಲಿನಲ್ಲಿ ನಿನ್ನನ್ನು ಸಾಯಿಸಿಬಿಟ್ಟಿದ್ದಾಳೆ. ನಾನು ಎದ್ದು, "ಗೆನೊವೆಫಾಳ ಮಗಳು ನಾನು" ಎಂದ ಕೂಡಲೇ ಇಡೀ ಸಭೆ ಎದ್ದು ನಿಂತು ಮೌನ ಆಚರಿಸಿತು. ನಾನು ಹುಟ್ಟಿದ್ದು ಐವತ್ತೆರಡರಲ್ಲಿ ಎಂದು ಹೇಳಿದರೂ ಯಾರ ತಲೆಗೂ ಹೋಗಲಿಲ್ಲ. ಗ್ರಂಥಪಾಲಕಿ ಕಣ್ಣೊರೆಸಿಕೊಂಡು, ಸತ್ತವರಿಗೆ ಕೊಡುವಂತೆ ಸಮಸಂಖ್ಯೆಯಲ್ಲಿ, ಆರು ಸೇವಂತಿಗೆ ಕೊಟ್ಟಳು. ಒಂದನ್ನು ಎಳೆದು ಅವಳ ಕೈಗೇ ಹಿಂತಿರುಗಿಸಿ, ಬದುಕಿರುವವರಿಗೆ ಒಪ್ಪುವಂತೆ ಐದು ಉಳಿಸಿಕೊಂಡೆ.

ಬೊಗ್ನಾಳ ಕಡೆ ತಿರುಗಿ ಹೇಳಿದೆ: "ನಮ್ಮಮ್ಮ ಇನ್ನೂ ಇದಾಳೆ ಕಣಮ್ಮ. ತೊಂಬತ್ತೇಳು ವರ್ಷ. ನಿನ್ನೆ ತಾನೇ ನನ್ನ ಬೈದು ಕಳಿಸಿದಾಳೆ."

ಬೊಗ್ನಾ ಕೈಮುಗಿದಳು. "ಅಯ್ಯೋ, ಅವರು ಸಾಯೋ ಪುಟದಲ್ಲೇ ಓದೋರೆಲ್ಲ ಅಳೋದು. ಈಗ ಬದುಕಿಸಕ್ಕಾಗಲ್ಲಮ್ಮ."

"ಹಾಗಿದ್ರೆ ಭಾನುವಾರ ಊಟಕ್ಕೆ ಬಂದು, ಈ ಮಾತನ್ನ ಅವಳ ಮುಖಕ್ಕೇ ಹೇಳಮ್ಮ."

ಬರುತ್ತಾಳೆ. ಕೋಳಿ ಸಾರು ನಾನೇ ಬಂದು ಮಾಡುತ್ತೇನೆ, ನೀನು ಒಲೆ ಮುಟ್ಟಬೇಡ. ನೀಲಿ ಉಡುಪು ಹಾಕಿಕೋ. ಊಟವಾದ ಮೇಲೆ ಮಾತ್ರ, ಎಂದಿನಂತೆ ಕುರ್ಚಿಯಲ್ಲಿ ಬಾಯಿ ತೆರೆದು ನಿದ್ದೆ ಹೋಗಬೇಡ. ನಿನ್ನನ್ನು ಹಾಗೆ ಕಂಡರೆ ಆಕೆ ಪುಸ್ತಕ ತಿದ್ದುವುದೇ ಇಲ್ಲ.

ನಿನ್ನ ಮಗಳು,
ಕಾಜಿಮಿಯೆರಾ