ಅಂಚಿನಲ್ಲಿ ಹಾಕಿದ ಸಹಿ

ಫೆಬ್ರುವರಿ ೧೯

ಪ್ರೀತಿಯ ಮೊಳೆಯಣ್ಣನಿಗೆ,

ನಾವಿಲ್ಲಿ ಕ್ಷೇಮ. ಅಜ್ಜನಾದವನಿಗೆ ಶುಭಾಶಯ. ಅಚ್ಚಿನ ಮೊಳೆ ಜೋಡಿಸುವ ಕೈಯಿಂದ ನೀನು ಬರೆದ ಕಾಗದ ಬಂದು ಎರಡು ತಿಂಗಳಾಯಿತು. ಉತ್ತರ ಬರೆಯದ್ದಕ್ಕೆ ಬೈಯುವುದಾದರೆ ಮೆಲ್ಲಗೆ ಬೈಯಿ, ಮಗು ಎದ್ದೀತು. ಮೊಮ್ಮಗಳಿಗೆ ನಿನ್ನದೇ ಮೂಗು ಎಂದು ಬರೆದಿದ್ದೀಯಲ್ಲ, ಪಾಪ, ಆ ಕೂಸೇನು ತಪ್ಪು ಮಾಡಿತ್ತು ಎಂದಳು ನನ್ನವಳು. ಅವಳ ಕಣ್ಣಿನ ಆಪರೇಷನ್ ಚೆನ್ನಾಗಿ ಆಯಿತು. ಈಗ ನನ್ನ ಅಂಗಿಯ ಅಂಟಿನ ಕಲೆಯೆಲ್ಲ ಅವಳಿಗೆ ಕಾಣಿಸುತ್ತಿದೆ, ನನ್ನ ಸುಖ ಮುಗಿಯಿತು.

ತಡವಾದದ್ದಕ್ಕೆ ಕಾರಣ ಕೇಳು. ನೀನು ಮಗಳ ಮನೆಗೆ ಹೊರಟ ಮೂರನೇ ದಿನ ನಮ್ಮ ಮುದ್ರಣ ಕಾರ್ಮಿಕರ ಸಹಕಾರ ಸಂಘದಿಂದ ಅಂಚೆ ಬಂತು. ಸತತ ಮೂರು ಸಭೆಗೆ ಬಾರದ ಕಾರಣ ನನ್ನನ್ನು ಆಡಳಿತ ಮಂಡಳಿಯಿಂದ ತೆಗೆದುಹಾಕಲಾಗಿದೆಯಂತೆ. ನಾನು ಮೂರಕ್ಕೂ ಹೋಗಿದ್ದೆ. ನಾಲ್ಕನೆಯದನ್ನು ಮಾತ್ರ ಆಪರೇಷನ್ನಿಗೆಂದು ಹೇಳಿಯೇ ತಪ್ಪಿಸಿಕೊಂಡಿದ್ದೆ, ಅದೇ ಸಭೆಯಲ್ಲಿ ಈ ನಿರ್ಣಯ.

ಇಪ್ಪತ್ತೆರಡು ವರ್ಷ ಕೂತ ಕುರ್ಚಿ. ಅದು ಹೋದದ್ದಕ್ಕಿಂತ, ಯಾಕಯ್ಯಾ ಬರಲಿಲ್ಲ ಎಂದು ಒಬ್ಬರೂ ಕೇಳಲಿಲ್ಲವಲ್ಲ ಎಂಬುದೇ ಹೆಚ್ಚು ನೋಯಿಸಿತು. ಎರಡು ದಿನ ಊಟ ಸೇರಲಿಲ್ಲ. ಊರವರ ಪುಸ್ತಕವನ್ನೆಲ್ಲ ಹೊಲಿಯುವವರಿಗೆ ತಮಗಾಗಿ ಒಂದು ಹಾಳೆ ಬರೆಯಲಾಗದೇ ಎಂದು ನನ್ನವಳು ಚುಚ್ಚಿದ ಮೇಲೆ ಸಹಕಾರ ಇಲಾಖೆಗೆ ಅರ್ಜಿ ಹಿಡಿದು ಹೋದೆ.

ಅಲ್ಲಿಯ ಅಧಿಕಾರಿ ನಿನ್ನ ಮಗಳ ವಯಸ್ಸಿನವರು. ನಮ್ಮ ಹೊಸ ಕಾರ್ಯದರ್ಶಿಯನ್ನು ಕರೆಸಿ, ತೆಗೆಯುವ ಮುಂಚೆ ಇವರಿಗೆ ನೋಟಿಸು ಕೊಟ್ಟಿದ್ದಿರಾ ಎಂದು ಕೇಳಿದರು. ಹಾಜರಿ ಪುಸ್ತಕದಲ್ಲೇ ಸಹಿ ಇಲ್ಲವಲ್ಲ ಎಂದ ಅವನು.

"ಪುಸ್ತಕಾನ ಕೇಳಿದ್ರಿ, ಸರಿ. ಮನುಷ್ಯನ್ನ ಕೇಳಿದ್ರಾ?" ಎಂದರು ಅಧಿಕಾರಿ.

ನಿರ್ಣಯ ರದ್ದಾಯಿತು. ನೋಟಿಸು ಕೊಟ್ಟು, ಇವರ ಮಾತು ಕೇಳಿ, ಆಮೇಲೆ ಹೊಸದಾಗಿ ತೀರ್ಮಾನಿಸಿ ಎಂದು ಆದೇಶ ಬಂತು.

ನಗುವ ಕಥೆ ಇನ್ನು ಮುಂದಿದೆ. ನೋಟಿಸಿನ ಜೊತೆ ಹಾಜರಿ ಪುಸ್ತಕ ನೋಡಲೂ ಕೊಟ್ಟರು. ದೊಡ್ಡವರು ಮೇಲೆ ಹಾಕಲಿ ಎಂದು ನಾನು ಯಾವಾಗಲೂ ಹಾಳೆಯ ಕಟ್ಟಕಡೆಯ ಅಂಚಿನಲ್ಲಿ ಸಹಿ ಹಾಕುವವನು. ಆ ಸಭೆಗಳ ಹೊತ್ತಿಗೆ ಪುಸ್ತಕ ಹೊಲಿಗೆ ಬಿಟ್ಟು ರಿಪೇರಿಗೆ ನನ್ನ ಮನೆಯಲ್ಲೇ ಇತ್ತಲ್ಲ, ಹಾಗಾಗಿ ಆ ಮೂರು ಸಭೆಯ ಸಹಿಗಳು ಬಿಡಿ ಹಾಳೆಯ ಮೇಲಿದ್ದವು. ಹಾಳೆ ಪುಸ್ತಕಕ್ಕಿಂತ ಒಂದು ಬೆರಳು ಉದ್ದ. ಸೇರಿಸಿ ಹೊಲಿದೆ, ಅಂಚು ಸಮವಾಗಲೆಂದು ಕತ್ತರಿಸಿದೆ. ನಾನು ಸಹಿಯ ಮೇಲೆ ಎಳೆಯುವ ಬಾಲದ ತುದಿ ಮಾತ್ರ ಮೂರು ಹಾಳೆಯಲ್ಲೂ ಉಳಿದಿತ್ತು. ನನ್ನ ಕೈಯಾರೆ ನನ್ನನ್ನೇ ಕತ್ತರಿಸಿ ಎಸೆದಿದ್ದೆ.

ಕತ್ತರಿಸಿದ ಚೂರುಗಳನ್ನು ನನ್ನವಳು ಸಾಮಾನಿನ ಪಟ್ಟಿ ಬರೆಯಲು ಡಬ್ಬಿಗೆ ತುಂಬುತ್ತಾಳೆ. ಹೊಸ ಕಣ್ಣಿನಿಂದ ಡಬ್ಬಿಯನ್ನೆಲ್ಲ ಜಾಲಾಡಿ ಒಂದು ಚೂರು ಹುಡುಕಿಕೊಟ್ಟಳು. ಉಳಿದೆರಡು ಅಂಗಡಿಯ ಪಾಲಾಗಿದ್ದವು. ವಿಚಾರಣೆಯ ದಿನ ಅಧ್ಯಕ್ಷರು ಅದನ್ನು ಹಾಳೆಗೆ ಜೋಡಿಸಿ ನೋಡಿದರು. ಬಾಲ ಸರಿಯಾಗಿ ಕೂಡಿತು. ಚೂರನ್ನು ತಿರುಗಿಸಿ, ಉಪ್ಪು, ಸೋಪು, ಸೂಜಿ ಎಂದು ಗಟ್ಟಿಯಾಗಿ ಓದಿದರು. ಇಡೀ ಕೋಣೆ ಬಿದ್ದು ಬಿದ್ದು ನಕ್ಕಿತು. ಒಂದಕ್ಕೆ ಬಂದಿದ್ದರೂ ಸತತ ಮೂರು ಆಗುವುದಿಲ್ಲವಲ್ಲ, ಕುರ್ಚಿ ಉಳಿಯಿತು. ತಪ್ಪು ನನ್ನ ಕತ್ತರಿಯದು ಎಂದೆ. ಕೇಳದೆ ಇದ್ದದ್ದು ನಮ್ಮ ತಪ್ಪು ಎಂದು ಅಧ್ಯಕ್ಷರು ಕೈ ಹಿಡಿದುಕೊಂಡರು. ಇನ್ನು ಮುಂದೆ ನಾನು ಹಾಳೆಯ ನೆತ್ತಿಯಲ್ಲೇ ಸಹಿ ಹಾಕಬೇಕೆಂದು ಮಂಡಳಿಯ ಅಪ್ಪಣೆ.

ಮೊಮ್ಮಗಳಿಗೆಂದು ಅಂಗೈಯಗಲದ ಪುಸ್ತಕ ಹೊಲಿದಿದ್ದೇನೆ, ಬರೀ ಖಾಲಿ ಹಾಳೆ. ಚೀಪಲಿ, ಹರಿಯಲಿ, ನೂರು ವರ್ಷ ಬಾಳಲಿ. ಮಗಳಿಗೆ ನಮ್ಮಿಬ್ಬರ ಆಶೀರ್ವಾದ.

ನಿನ್ನ
ಬೈಂಡರ್

ಬರೆದು ಮುಗಿಸಿದ ಮೇಲೆ: ನನ್ನನ್ನು ತೆಗೆದ ನಿರ್ಣಯದ ಪ್ರತಿಯೂ ಆ ಮೊದಲ ಅಂಚೆಯಲ್ಲೇ ಬಂದಿತ್ತು. ಒಪ್ಪಿ ಸಹಿ ಹಾಕಿದವರು ಐವರು. ಐದನೆಯದು ನಿನ್ನದು. ಆ ಮೂರೂ ಸಭೆಯಲ್ಲಿ ನೀನು ನನ್ನ ಪಕ್ಕದಲ್ಲೇ ಕೂತಿದ್ದೆ. ಮೂರನೆಯದರಲ್ಲಿ ಕನ್ನಡಕ ಮರೆತು ಬಂದು ನನ್ನದನ್ನೇ ಹಾಕಿಕೊಂಡು ಸಹಿ ಮಾಡಿದ್ದೆ. ಉತ್ತರ ಬರೆಯಲು ಕೈ ಏಳದಿದ್ದದ್ದು ಇದಕ್ಕೇ, ಇದನ್ನು ನನ್ನವಳಿಗೂ ಹೇಳಿಲ್ಲ. ಆದರೆ ನಿನ್ನ ಮಾತು ಕೇಳದೆ ನಾನಾಗಿ ಏನನ್ನೂ ತೀರ್ಮಾನಿಸುವುದಿಲ್ಲ. ಬರೆದು ತಿಳಿಸಬೇಡ. ಬಾ, ಬಂದು ಪಕ್ಕದಲ್ಲಿ ಕೂತು ಹೇಳು.