ಹೊಲಿಯದೆ ಇಟ್ಟ ಕೊನೆಯ ಪ್ರಕರಣ

ಶುಕ್ರವಾರ, ಊಟದ ಬಿಡುವು
ಬೈಂಡಿಂಗ್ ಕೋಣೆ

ಕಾದಂಬರಿಕಾರರಾದ ಮೇಷ್ಟ್ರಿಗೆ,

ನಾನು ಕ್ಷೇಮ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಏಕೆಂದರೆ ನಿಮ್ಮ ಪುಸ್ತಕದ ಪ್ರಕಾರ ನಾನು ಸತ್ತಿದ್ದೇನೆ.

ಕಥೆ ಹೇಗೆ ಮುಗಿಯುತ್ತದೆ ಎಂದು ಕೇಳಿದಾಗಲೆಲ್ಲ, ಪುಸ್ತಕ ಬರಲಿ ಎಂದು ಮೀಸೆಯಡಿ ನಗುತ್ತಿದ್ದಿರಿ. ಆ ಪುಸ್ತಕ ಹೊಲಿಯುವವಳು ಯಾರೆಂಬುದು ಮರೆತೇ ಹೋಯಿತೇ? ಊರಿನಲ್ಲಿ ಇಷ್ಟೊಂದು ಅಚ್ಚುಕೂಟಗಳಿರುವಾಗ, ನನಗೆ ಖುಷಿಯಾಗಲಿ ಎಂದು ನಮ್ಮಲ್ಲಿಗೇ ತಂದುಕೊಟ್ಟಿರಿ. ನಮ್ಮಲ್ಲಿ ಹೊಲಿಗೆ ಶುರುವಾಗುವುದು ಕೊನೆಯ ಪುಟಗಳ ಕಟ್ಟಿನಿಂದ. ಅದರ ಮೇಲೆ ಒಂದೊಂದೇ ಕಟ್ಟು ಇಟ್ಟು ಹೊಲಿಯುತ್ತ ಮೊದಲ ಪುಟಕ್ಕೆ ಬರುತ್ತೇವೆ. ಹಾಗಾಗಿ ಮಾದರಿ ಪ್ರತಿ ಹೊಲಿಯುವಾಗ ನಾನು ಮೊದಲು ಸತ್ತೆ, ಆಮೇಲೆ ಕೆಮ್ಮಿದೆ, ಆಮೇಲೆ ಪಶ್ಚಾತ್ತಾಪಪಟ್ಟೆ, ಎಲ್ಲ ಮುಗಿದ ಮೇಲೆ ನಿಮ್ಮನ್ನು ಪ್ರೀತಿಸಿದೆ.

ಅವಳು ನೀನಲ್ಲ ಎಂದು ಕಾಗೆ ಹಾರಿಸಬೇಡಿ. ನನ್ನ ಎಡಗೆನ್ನೆಯ ಮಚ್ಚೆಯನ್ನು ಬಲಗೆನ್ನೆಗೆ ಸಾಗಿಸಿದ ಮಾತ್ರಕ್ಕೆ ಗುರುತು ಸಿಗುವುದಿಲ್ಲವೇ? ನನ್ನೆದುರು ಕೂತು ಹಾಳೆ ಮಡಚುವ ದೊಡ್ಡಕ್ಕ ಗಟ್ಟಿಯಾಗಿ ಓದಿ, ಅಯ್ಯೋ ಪಾಪ, ಇಷ್ಟು ಬೇಗ ಹೋಗ್ಬಿಟ್ಲಲ್ಲ ಅಂತ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು. ಮರುಗಳಿಗೆಗೆ ನನ್ನ ಮುಖ ನೋಡಿ, ನಿಂಗೂ ಕೆಮ್ಮು ಇದ್ಯೇನೇ ಅಂತ ಬಿಸಿನೀರು ತಂದಿಟ್ಟಳು. ನನಗಂತೂ ಅಳು ಬರಲಿಲ್ಲ, ಮೈಯೆಲ್ಲ ಉರಿಯಿತು.

ನಿಮ್ಮಿಂದ ನಾನು ಏನನ್ನೂ ಮುಚ್ಚಿಟ್ಟವಳಲ್ಲ. ಹೆಂಡತಿ ಇದ್ದವನನ್ನು ನಂಬಿ ಹೋದೆ, ಅವನ ಬಾಡಿಗೆ ಮಹಡಿಯಲ್ಲಿ ಸಂಸಾರ ಹೂಡಿದೆ. ಅವನು ಕೈಬಿಟ್ಟ ಮೇಲೆ ತವರಿನ ಬಾಗಿಲೂ ಮುಚ್ಚಿತು. ಜನ ನನ್ನನ್ನು ಬಿದ್ದವಳು ಅಂದರು. ಬಿದ್ದದ್ದು ನಿಜ. ಎದ್ದು, ಮಂಡಿಯ ಧೂಳು ಕೊಡವಿಕೊಂಡು, ಕೆಲಸ ಕೇಳಿಕೊಂಡು ಈ ಕೋಣೆಗೆ ಬಂದೆ. ಆ ಹೊತ್ತಿಗೆ ನಿಮ್ಮ ಮುಖವನ್ನೇ ನಾನು ಕಂಡಿರಲಿಲ್ಲ. ಪುಸ್ತಕದಲ್ಲಿ ನೋಡಿದರೆ, ಮೇಲೆತ್ತಿದವರು ನೀವು.

ಅದೂ ಹೋಗಲಿ. ಆ ನಾಯಕನಿಗೆ ಕ್ಷಮಿಸುವ ಚಾಳಿ ಯಾಕೆ? ಕಾಫಿ ಕುಡಿಯುತ್ತ ಕ್ಷಮಿಸುತ್ತಾನೆ, ರೈಲಿಗೆ ಕಾಯುತ್ತ ಕ್ಷಮಿಸುತ್ತಾನೆ, ಅವಳಿಗೆ ಜ್ವರ ಏರಿದಾಗ ವೈದ್ಯರನ್ನು ಕರೆಯುವ ಬದಲು ಇನ್ನೊಮ್ಮೆ ಕ್ಷಮಿಸುತ್ತಾನೆ. ಅವಳು ಅವನಿಗೆ ಮಾಡಿದ ಅನ್ಯಾಯವಾದರೂ ಏನು? ಕೊನೆಗೆ ಅವಳನ್ನು ಮಣ್ಣು ಮಾಡಿ, ವರ್ಷ ತುಂಬುವುದರೊಳಗೆ ಪಕ್ಕದ ಮನೆಯ ಬಾಯಿ ಸತ್ತ ಹುಡುಗಿಯನ್ನು ಕಟ್ಟಿಕೊಳ್ಳುತ್ತಾನೆ. ಎಂಥ ಉದ್ಧಾರ.

ಹೋದ ತಿಂಗಳು ಕೆಲಸ ಮುಗಿಸಿ ಜೊತೆಯಲ್ಲಿ ನಡೆದು ಬರುವಾಗ, ಮದುವೆಯಾಗೋಣವೇ ಎಂದು ಕೇಳಿದಿರಿ. ಮಳೆ ನಿಂತಿದ್ದರೂ ಕೊಡೆ ಮಡಚಲು ಮರೆತಿದ್ದಿರಿ. ಯೋಚಿಸುತ್ತೇನೆ ಎಂದೆ. ಯೋಚಿಸಿದ್ದೆ ಕೂಡ, ಹೂಂ ಅನ್ನಬೇಕೆಂದೇ ಇದ್ದೆ. ಆದರೆ ದಾರಿಯಲ್ಲಿ ನನ್ನನ್ನು ಮದುವೆಗೆ ಕೇಳಿ, ಮನೆಗೆ ಹೋಗಿ ಮೇಜಿನ ಮುಂದೆ ಕೂತು ನನ್ನ ಹೆಣ ಎತ್ತಿಸುತ್ತಿದ್ದಿರಾ? ನನಗೆ ನೋವಾದದ್ದು ಇದೇ. ನನ್ನ ತಲೆ ನರೆಯುವುದನ್ನು, ನಾನು ನಿಮ್ಮ ಜೊತೆ ಜಗಳವಾಡುತ್ತ ಮುದುಕಿಯಾಗುವುದನ್ನು ನೀವು ಒಂದು ಸಲವೂ ಊಹಿಸಿಕೊಂಡಿಲ್ಲ. ಸತ್ತವಳನ್ನು ಪ್ರೀತಿಸುವುದು ಸುಲಭ ಮೇಷ್ಟ್ರೇ, ಅವಳು ಎದುರು ಮಾತಾಡುವುದಿಲ್ಲ.

ದಾರ ಮುಗಿದಿದೆ ಎಂದು ಅಚ್ಚುಕೂಟದ ಯಜಮಾನರಿಗೆ ಸುಳ್ಳು ಹೇಳಿ ಉಳಿದ ಪ್ರತಿಗಳ ಹೊಲಿಗೆ ನಿಲ್ಲಿಸಿದ್ದೇನೆ. ಸೋಮವಾರದವರೆಗೆ ನಂಬುತ್ತಾರೆ. ಅಷ್ಟರಲ್ಲಿ ಕೊನೆಯ ಪ್ರಕರಣ ಬೇರೆ ಬರೆದು ತನ್ನಿ. ಅವಳು ಬೆಳಿಗ್ಗೆ ಎದ್ದು ಕೆಲಸಕ್ಕೆ ಹೊರಡಲಿ. ಅವನಿಗೆ ಮನಸ್ಸಿದ್ದರೆ ಚಪ್ಪಲಿ ಮೆಟ್ಟಿಕೊಂಡು ಜೊತೆಗೆ ನಡೆಯಲಿ, ಬಾಯಿ ಮುಚ್ಚಿಕೊಂಡು. ತರದಿದ್ದರೆ ನಾನು ಸೂಜಿಗೆ ದಾರ ಪೋಣಿಸುತ್ತೇನೆ, ನೀವು ಆ ಬಾಯಿ ಸತ್ತವಳನ್ನು ಹುಡುಕಿಕೊಳ್ಳಿ.

ಇಂತಿ,
ಗುಂಡುಕಲ್ಲಿನ ಹಾಗಿರುವ
ನಿಮ್ಮ ಕಥಾನಾಯಕಿ

ಮರೆತ ಮಾತು: ಯಜಮಾನರಿಗೆ ಹೇಳಿದಂತೆ ನಿಮಗೂ ಒಂದು ಸುಳ್ಳು ಹೇಳಿದ್ದೇನೆ. ಅಳು ಬಂತು. ಅವಳು ಸಾಯುವಲ್ಲಿ ಅಲ್ಲ. ಅವಳನ್ನು ಮಣ್ಣು ಮಾಡಿ ಮನೆಗೆ ಬಂದವನು ಮರೆತು ಎರಡು ತಟ್ಟೆ ಇಟ್ಟು, ಆಮೇಲೆ ಒಂದನ್ನು ಎತ್ತಿಡುತ್ತಾನಲ್ಲ, ಅಲ್ಲಿ. ಹೊಸದಾಗಿ ಬರೆಯುವಾಗ ಆ ತಟ್ಟೆಯನ್ನು ಎತ್ತಬೇಡಿ. ನಾನು ಊಟಕ್ಕೆ ಬರುತ್ತೇನೆ.