ಹೊಳೆ ಬರುವ ಮೊದಲು

ನಿಕೋಸಿಯಾ, ಸೈಪ್ರಸ್ ದ್ವೀಪ

ಅಬ್ಬಾ, ಅಸ್ಸಲಾಮು ಅಲೈಕುಂ.

ನಾನು ಊರು ಬಿಟ್ಟ ಸಿಟ್ಟಿಗೆ ನೀವು ಒಮ್ಮೆಯೂ ಫೋನಿಗೆ ಬಂದಿಲ್ಲ. ಅದಕ್ಕೇ ಕಾಗದ ಬರೆದು, ತಮ್ಮ ಅಕೀಲನ ಮೊಬೈಲಿಗೆ ಫೋಟೋ ಕಳಿಸುತ್ತಿದ್ದೇನೆ.

ನಾನು ನೋಡಿಕೊಳ್ಳುವ ಅಜ್ಜಿಯ ಮನೆ ಪೆಡಿಯೊಸ್ ಹೊಳೆಯ ದಂಡೆಗಿದೆ. ದ್ವೀಪದಲ್ಲಿ ಇದೇ ಎಲ್ಲಕ್ಕಿಂತ ಉದ್ದದ ಹೊಳೆ, ಆದರೂ ವರ್ಷದ ಬಹುಪಾಲು ಒಣಗಿರುತ್ತದೆ. ಹಿಂದೆ ಊರ ನಡುವೆಯೇ ಹರಿಯುತ್ತಿತ್ತಂತೆ. ನಾನೂರೈವತ್ತು ವರ್ಷದ ಹಿಂದೆ ವೆನಿಸ್‌ನವರು ಕೋಟೆ ಕಟ್ಟುವಾಗ ಹೊರಗೆ ತಿರುಗಿಸಿದರು. ಈಗ ಊರನ್ನು ಎರಡು ಮಾಡಿರುವ ಗಡಿಯನ್ನು ಯಾರನ್ನೂ ಕೇಳದೆ ದಾಟುತ್ತದೆ. ಒಣಗಿದ್ದು ಒಮ್ಮೆಲೇ ತುಂಬಿ ಬರುವುದರಲ್ಲಿ ಥೇಟ್ ನಮ್ಮ ಮೊರಬದ ತುಪ್ಪರಿಹಳ್ಳ.

ಹೋದ ಮಂಗಳವಾರ ಇಲ್ಲಿ ಬಿಸಿಲಿತ್ತು. ಜನ ಒಣ ಹೊಳೆಯಲ್ಲೇ ಕಾರು ನಿಲ್ಲಿಸಿದ್ದರು. ನಾನು ಹೊಳೆ ಹುಟ್ಟುವ ದೂರದ ಗುಡ್ಡದ ಮೇಲೆ ಮುಗಿಲು ಕಪ್ಪಾದದ್ದು ನೋಡಿದೆ. "ಧಾರವಾಡದಾಗ ಮಳಿ ಆದ್ರ ಮೊರಬದಾಗ ಹಳ್ಳ ಬರ್ತೈತಿ, ನೆತ್ತಿ ಮ್ಯಾಲಿನ ಮುಗಿಲು ನೋಡಬ್ಯಾಡ" ಅನ್ನುತ್ತಿದ್ದಿರಲ್ಲ? ಹಳ್ಳ ಬರುವ ಮೊದಲು ಆಚೆ ದಂಡೆಯ ಆಳುಗಳನ್ನು ಕರೆಯಲು ನೀವು ಊಟದ ತಾಟು ಬಡಿಯುತ್ತಿದ್ದಂತೆ ನಾನೂ ಅಜ್ಜಿಯ ದೊಡ್ಡ ತಾಟು ಬಡಿದೆ. ಮೊದಲು ಎಲ್ಲರೂ ನಕ್ಕರು. ನಾನು ನಿಲ್ಲಿಸದೆ ಗುಡ್ಡದ ಕಡೆ ಕೈ ತೋರಿಸಿದ ಮೇಲೆ ಒಬ್ಬೊಬ್ಬರಾಗಿ ಕಾರು ತೆಗೆದರು. ಕೊನೆಯ ಕಾರು ಮೇಲೆ ಬಂದು ಅರ್ಧ ತಾಸಿಗೆ ಕೆಂಪು ನೀರು ಬಂತು.

ಮರುದಿನ ಹೊಳೆಯ ನೀರು ಅಳೆಯುವ ಎಂಜಿನಿಯರ್ ಬಂದು, ಇದನ್ನು ಯಾರು ಕಲಿಸಿದರೆಂದು ಕೇಳಿದರು. ನಮ್ಮ ಅಬ್ಬಾ, ಮೊರಬದ ಅಲ್ಲಾವುದ್ದೀನ ಎಂದು ಬರೆಸಿದೆ. ರವಿವಾರ ನಿಮ್ಮಲ್ಲಿನ ಸಂಜೆ ನಾಲ್ಕಕ್ಕೆ ಅವರು ವಿಡಿಯೋ ಕಾಲ್‌ನಲ್ಲಿ ನಿಮ್ಮ ಜೊತೆಯೇ ಮಾತಾಡಬೇಕಂತೆ. ನಿಮ್ಮ ಆ ತಾಟನ್ನೂ ಫೋನಿನ ಬಾಜೂಕ ಇಟ್ಟುಕೊಳ್ಳಿ, ತೋರಿಸುತ್ತೇನೆಂದು ಹೇಳಿದ್ದೇನೆ.

ನನ್ನ ಸಲುವಾಗಿ ಬ್ಯಾಡ್ರಿ ಅಬ್ಬಾ, ಹೊಳಿ ಸಲುವಾಗಿ ಫೋನಿಗೆ ಬರ್ರಿ.

ನಿಮ್ಮ ಮಗಳು,
ನಾಜಿಮಾ